ಶತ್ರುವಿನ ಜತೆ ಒಂದೇ ಲೆಕ್ಕದ ಪುಸ್ತಕ: ಯುರೋಪಿನ ಕಲ್ಲಿದ್ದಲು ಒಪ್ಪಂದದ ಕತೆ

ಇವತ್ತು ಯುದ್ಧದ ಕತೆ ಅಲ್ಲ, ಯುದ್ಧ ಮುಗಿದ ಮೇಲೆ ಲೆಕ್ಕ ಹಾಕೋಕೆ ಕೂತವರ ಕತೆ. ನಾನು ಕಾಮರ್ಸ್ ಓದಿದವನು, ಇತಿಹಾಸದ ಪುಸ್ತಕದಲ್ಲೂ ಮೊದಲು ಹುಡುಕೋದು ದುಡ್ಡು ಎಲ್ಲಿಂದ ಬಂತು, ಯಾರ ಜೇಬಿಂದ ಹೋಯ್ತು ಅಂತ. ಇವತ್ತೂ ಅದೇ ಪ್ರಶ್ನೆ.

ಫ್ರಾನ್ಸ್ ಮತ್ತು ಜರ್ಮನಿ. ಪಕ್ಕದ ಮನೆ ದಾಯಾದಿಗಳಿದ್ದ ಹಾಗೆ. 1870, 1914, 1939, ಅಂದ್ರೆ 70 ವರ್ಷದಲ್ಲಿ ಮೂರು ಯುದ್ಧ. ಗಡಿಯಲ್ಲಿರುವ ಲೊರೇನ್ ಪ್ರಾಂತ್ಯದ ಒಂದು ಭಾಗ 1871ರಲ್ಲಿ ಜರ್ಮನಿಗೆ, 1918ರಲ್ಲಿ ಫ್ರಾನ್ಸ್‌ಗೆ, 1940ರಲ್ಲಿ ಮತ್ತೆ ಜರ್ಮನಿಗೆ, ಯುದ್ಧ ಮುಗಿದಾಗ ಮತ್ತೆ ಫ್ರಾನ್ಸ್‌ಗೆ. ಅಜ್ಜ ಮನೆ ಬಿಟ್ಟು ಕದಲದೇ ಇದ್ದರೂ ದೇಶ ನಾಲ್ಕು ಸಲ ಬದಲಾಯ್ತು.

ಇಲ್ಲಿ ಭೂಗೋಳವನ್ನು ಸ್ವಲ್ಪ ನೋಡ್ಬೇಕು. ಲೊರೇನ್‌ನಲ್ಲಿ ಕಬ್ಬಿಣದ ಅದಿರು ಇದೆ. ಜರ್ಮನಿಯ ರೂರ್ ಕಣಿವೆಯಲ್ಲಿ ಕಲ್ಲಿದ್ದಲು ಇದೆ. ಉಕ್ಕು ಮಾಡೋಕೆ ಎರಡೂ ಬೇಕು. ಉಕ್ಕು ಇದ್ದರೆ ರೈಲು ಹಳಿ, ಸೇತುವೆ, ಕಾರು. ಅದೇ ಉಕ್ಕಿನಿಂದ ಫಿರಂಗಿ, ಟ್ಯಾಂಕು ಕೂಡ. 1923ರಲ್ಲಿ ಜರ್ಮನಿ ಯುದ್ಧ ಪರಿಹಾರದ ಕಲ್ಲಿದ್ದಲು ಸರಿಯಾಗಿ ಕೊಡ್ತಿಲ್ಲ ಅಂತ ಫ್ರಾನ್ಸ್ ಮತ್ತು ಬೆಲ್ಜಿಯಂ ರೂರ್‌ಗೆ ಸೈನ್ಯವನ್ನೇ ನುಗ್ಗಿಸಿದ್ದವು. ಸಾಲ ವಸೂಲಿಗೆ ಸೈನ್ಯ ಕಳಿಸಿದ್ದರಿಂದ ದ್ವೇಷ ಹೆಚ್ಚಿತೇ ಹೊರತು ಜಗಳ ಬಗೆಹರಿಯಲಿಲ್ಲ.

ಎರಡನೇ ಮಹಾಯುದ್ಧದ ನಂತರ ಮತ್ತೆ ಅದೇ ಪ್ರಶ್ನೆ ಬಂತು. ರೂರ್ ಮತ್ತೆ ಎದ್ದು ನಿಂತರೆ ಫ್ರಾನ್ಸ್‌ಗೆ ಭಯ. ಏಳದೇ ಇದ್ದರೆ ಇಡೀ ಯುರೋಪಿಗೆ ಇಂಧನವಿಲ್ಲ. ಆಗ ಒಂದು ದಾರಿ ಯೋಚಿಸಿದವರು ಜಾನ್ ಮೊನೆ. ಕೊನ್ಯಾಕ್ ಬ್ರಾಂದಿ ಮಾರುವ ಮನೆತನದವರು, ಹದಿನಾರನೇ ವಯಸ್ಸಿಗೇ ಓದು ಬಿಟ್ಟವರು. ಅವರ ಸಲಹೆ ಇಷ್ಟೇ: ಎರಡೂ ದೇಶಗಳ ಕಲ್ಲಿದ್ದಲು, ಉಕ್ಕು ಎರಡನ್ನೂ ಒಂದೇ ಆಡಳಿತದ ಕೆಳಗೆ ತನ್ನಿ. ಯಾರು ಎಷ್ಟು ಉಕ್ಕು ಮಾಡ್ತಿದ್ದಾರೆ ಅನ್ನೋದು ಎಲ್ಲರ ಕಣ್ಣೆದುರು ಇದ್ದರೆ ಗುಟ್ಟಾಗಿ ಯುದ್ಧಕ್ಕೆ ತಯಾರಾಗೋದು ಹೇಗೆ?

1950ರ ಮೇ 9ರಂದು ಪ್ಯಾರಿಸ್‌ನಲ್ಲಿ ಫ್ರೆಂಚ್ ವಿದೇಶಾಂಗ ಸಚಿವ ರಾಬರ್ಟ್ ಶೂಮನ್ ಇದನ್ನು ಘೋಷಿಸಿದರು. ಶೂಮನ್ ತಂದೆ ಲೊರೇನ್‌ನವರು. ಹಾಗಾಗಿ 1886ರಲ್ಲಿ ಲಕ್ಸಂಬರ್ಗ್‌ನಲ್ಲಿ ಹುಟ್ಟಿದ ಶೂಮನ್ ಜರ್ಮನ್ ಪ್ರಜೆಯಾಗಿ ಬೆಳೆದು, ಮೊದಲ ಮಹಾಯುದ್ಧದ ನಂತರ ಫ್ರೆಂಚ್ ಪ್ರಜೆಯಾದರು. ಗಡಿ ಅಂದ್ರೆ ಏನು ಅಂತ ಅವರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ.

1951ರ ಏಪ್ರಿಲ್ 18ರಂದು ಫ್ರಾನ್ಸ್, ಪಶ್ಚಿಮ ಜರ್ಮನಿ, ಇಟಲಿ, ಬೆಲ್ಜಿಯಂ, ನೆದರ್‌ಲೆಂಡ್ಸ್, ಲಕ್ಸಂಬರ್ಗ್ ಸಹಿ ಹಾಕಿದವು. ಬ್ರಿಟನ್ ಹೊರಗುಳಿಯಿತು. ಲಕ್ಸಂಬರ್ಗ್‌ನಲ್ಲಿ ಒಂಬತ್ತು ಸದಸ್ಯರ 'ಉನ್ನತ ಪ್ರಾಧಿಕಾರ' ಕೆಲಸ ಶುರುಮಾಡಿತು. ಸದಸ್ಯರು ತಮ್ಮ ತಮ್ಮ ಸರ್ಕಾರದ ಮಾತು ಕೇಳುವ ಹಾಗಿಲ್ಲ ಅನ್ನೋದು ಷರತ್ತು. ಅದರ ಖರ್ಚಿಗೆ ಗಣಿ ಮತ್ತು ಉಕ್ಕು ಕಂಪನಿಗಳಿಂದಲೇ ನೇರವಾಗಿ ಸಣ್ಣ ಸೆಸ್. ಯಾವ ದೇಶದ ಖಜಾನೆಯ ಮುಂದೆಯೂ ಕೈ ಚಾಚಬೇಕಿರಲಿಲ್ಲ.

ಈಗ ನನಗೆ ತುಂಬಾ ಇಷ್ಟವಾದ ಭಾಗ. ಸುಂಕ ತೆಗೆದರೆ ವ್ಯಾಪಾರ ಸಲೀಸು ಅಂತ ನಾವು ಅಂದ್ಕೊಳ್ತೀವಿ, ಆದರೆ ನಿಜವಾದ ಅಡ್ಡಿ ರೈಲ್ವೆ ರಸೀದಿಯಲ್ಲಿತ್ತು. ದೂರ ಹೆಚ್ಚಾದಷ್ಟೂ ಕಿಲೋಮೀಟರ್‌ಗೆ ಬಾಡಿಗೆ ಕಡಿಮೆ ಆಗಬೇಕು ತಾನೇ? ಗಡಿ ಬಂದ ತಕ್ಷಣ ಲೆಕ್ಕ ಮತ್ತೆ ಸೊನ್ನೆಯಿಂದ ಶುರುವಾಗ್ತಿತ್ತು. ಆಟೊದಲ್ಲಿ ಹೋಗ್ತಾ ಇರುವಾಗ ಮಧ್ಯದಾರಿಯಲ್ಲಿ ಚಾಲಕ ಮೀಟರ್ ಮತ್ತೆ ಹಾಕಿ ಇನ್ನೊಂದು ಮಿನಿಮಮ್ ಚಾರ್ಜ್ ಕೇಳಿದ ಹಾಗೆ! 1955ರಿಂದ ಹಂತಹಂತವಾಗಿ ಇದನ್ನು ತೆಗೆದರು.

ಇನ್ನೊಂದು ಜಗಳ ತೆರಿಗೆಯದ್ದು. ಗಡಿ ದಾಟುವ ಉಕ್ಕಿಗೆ ಮಾಡಿದ ದೇಶದ ತೆರಿಗೆಯೋ, ಕೊಂಡ ದೇಶದ ತೆರಿಗೆಯೋ? 1953ರಲ್ಲಿ ಡಚ್ ಅರ್ಥಶಾಸ್ತ್ರಜ್ಞ ಯಾನ್ ಟಿನ್‌ಬರ್ಗನ್ ಸಮಿತಿ ಕೊಂಡ ದೇಶದ್ದೇ ಇರಲಿ ಅಂದಿತು. ಜಿಎಸ್‌ಟಿ ಫೈಲ್ ಮಾಡೋರಿಗೆ ಈ ತರ್ಕ ಗೊತ್ತೇ ಇರುತ್ತೆ.

ನನ್ನನ್ನು ನಿಲ್ಲಿಸಿ ಯೋಚಿಸೋ ಹಾಗೆ ಮಾಡಿದ್ದು ಮಾತ್ರ ಬೇರೆ. ಬೆಲ್ಜಿಯಂನ ಗಣಿಗಳು ಹಳೆಯವು, ಆಳವಾದವು, ಅಲ್ಲಿನ ಕಲ್ಲಿದ್ದಲು ದುಬಾರಿ. ಸ್ಪರ್ಧೆಗೆ ಬಿಟ್ಟರೆ ಮುಳುಗ್ತವೆ. ಅದಕ್ಕೆ ಮೊದಲ ಕೆಲವು ವರ್ಷ ಜರ್ಮನ್ ಮತ್ತು ಡಚ್ ಗಣಿಗಳಿಂದ ವಂತಿಗೆ ಎತ್ತಿ ಬೆಲ್ಜಿಯಂಗೆ ಕೊಟ್ಟರು. ಹತ್ತು ವರ್ಷದ ಹಿಂದೆ ಬೆಲ್ಜಿಯಂ ಅನ್ನು ಆಕ್ರಮಿಸಿ ಕೂತಿದ್ದ ಜರ್ಮನಿ, ಈಗ ಅದೇ ಬೆಲ್ಜಿಯಂನ ಗಣಿ ಉಳಿಸೋಕೆ ದುಡ್ಡು ಕೊಡ್ತಿದೆ. ಇವರು ಒಬ್ಬರನ್ನೊಬ್ಬರು ನಂಬಿ ಒಂದಾದವರಲ್ಲ. ನಂಬಿಕೆ ಇಲ್ಲದ್ದಕ್ಕೇ ಲೆಕ್ಕದ ಪುಸ್ತಕ ತೆರೆದಿಟ್ಟರು, ನಂಬಿಕೆ ಆಮೇಲೆ ಬಂತು.

ಬೆಳವಣಿಗೆಯೆಲ್ಲಾ ಈ ಒಪ್ಪಂದದಿಂದಲೇ ಆಯ್ತಾ? ಇಲ್ಲ. 1948ರ ಜೂನ್‌ನಲ್ಲಿ ಜರ್ಮನಿಗೆ ಹೊಸ ಹಣ ಮಾರ್ಕ್ ಬಂದಿತ್ತು, ಅಮೆರಿಕದ ಮಾರ್ಷಲ್ ಯೋಜನೆಯಿಂದ ಸುಮಾರು 1,300 ಕೋಟಿ ಡಾಲರ್ ಪಶ್ಚಿಮ ಯುರೋಪಿಗೆ ಹರಿದಿತ್ತು. 1950ರ ದಶಕದಲ್ಲಿ ಪಶ್ಚಿಮ ಜರ್ಮನಿ ವರ್ಷಕ್ಕೆ ಸುಮಾರು ಶೇ 8ರಷ್ಟು ಬೆಳೆದದ್ದಕ್ಕೆ ಹಲವು ಕಾರಣ. ಒಪ್ಪಂದ ಕೊಟ್ಟಿದ್ದು ಧೈರ್ಯ. ಪಕ್ಕದವನ ಕಾರ್ಖಾನೆ ಬೆಳೆದರೆ ಹೆದರಬೇಕಿಲ್ಲ ಅನ್ನೋ ಧೈರ್ಯ.

ಆದರೆ ಈ ಪುಸ್ತಕದಲ್ಲಿ ಇನ್ನೊಂದು ಪುಟ ಇದೆ. ಯುದ್ಧ ಮುಗಿದ ಮೇಲೆ ಬೆಲ್ಜಿಯಂನವರು ಗಣಿಗೆ ಇಳಿಯೋಕೆ ತಯಾರಿರಲಿಲ್ಲ. 1946ರಲ್ಲಿ ಇಟಲಿ ಜತೆ ಕರಾರಾಯ್ತು: ಇಟಲಿ 50,000 ಆಳುಗಳನ್ನು ಕಳಿಸಬೇಕು, ಪ್ರತಿಯಾಗಿ ಅದಕ್ಕೆ ಕಲ್ಲಿದ್ದಲು ಸಿಗುತ್ತೆ. ಮನುಷ್ಯರು ಈ ಕಡೆ, ಕಲ್ಲಿದ್ದಲು ಆ ಕಡೆ. ಬಂದವರಲ್ಲಿ ಎಷ್ಟೋ ಜನರಿಗೆ ಸಿಕ್ಕ ಮನೆ ಯುದ್ಧಕೈದಿಗಳನ್ನು ಇಟ್ಟಿದ್ದ ಶೆಡ್‌ಗಳು.

1956ರ ಆಗಸ್ಟ್ 8. ಬೆಲ್ಜಿಯಂನ ಮಾರ್ಸಿನೆಲ್ ಊರಿನ ಬ್ವಾ ದ್ಯು ಕಾಜಿಯೆ ಗಣಿ. ಬೆಳಗ್ಗೆ ಎಂಟರ ಹೊತ್ತಿಗೆ, 975 ಮೀಟರ್ ಆಳದಲ್ಲಿ ಲಿಫ್ಟ್‌ಗೆ ವ್ಯಾಗನ್ ತುಂಬುವಾಗ ಅದು ಪೂರ್ತಿ ಒಳಗೆ ಹೋಗಲಿಲ್ಲ. ಸೂಚನೆ ತಪ್ಪಾಗಿ ಲಿಫ್ಟ್ ಮೇಲೇರಿತು. ಹೊರಚಾಚಿದ್ದ ವ್ಯಾಗನ್ ವಿದ್ಯುತ್ ಕೇಬಲ್, ಎಣ್ಣೆ ಪೈಪ್ ಎರಡನ್ನೂ ಹರಿದುಹಾಕಿತು. ಬೆಂಕಿ. ಒಳಗಿದ್ದ 275 ಜನರಲ್ಲಿ 262 ಜನ ಸತ್ತರು. ಅವರಲ್ಲಿ 136 ಜನ ಇಟಲಿಯವರು. ಹೆಂಡತಿ ಮಕ್ಕಳು ಗೇಟಿನ ಕಂಬಿ ಹಿಡಿದು ಎರಡು ವಾರ ಕಾದರು. ಕೊನೆಗೆ ಕೆಳಗಿಂದ ಬಂದ ರಕ್ಷಣಾ ತಂಡದವನೊಬ್ಬ ಇಟಾಲಿಯನ್‌ನಲ್ಲಿ ಹೇಳಿದ್ದು ಎರಡೇ ಪದ: ಎಲ್ಲರೂ ಶವಗಳು.

ಇದಾದ ಮೇಲೆ ಇಟಲಿ ಬೆಲ್ಜಿಯಂಗೆ ಆಳು ಕಳಿಸೋದನ್ನು ನಿಲ್ಲಿಸಿತು. ಆರು ದೇಶಗಳೂ ಸೇರಿ ಗಣಿ ಸುರಕ್ಷತೆಯ ಬಗ್ಗೆ ಸಮ್ಮೇಳನ ನಡೆಸಿ, 1957ರಲ್ಲಿ ಅದಕ್ಕೆಂದೇ ಒಂದು ಕಾಯಂ ಸಂಸ್ಥೆ ಮಾಡಿದವು. ಬೆಲೆ, ಬಾಡಿಗೆ, ತೆರಿಗೆಯ ಲೆಕ್ಕ ಮೊದಲ ದಿನದಿಂದ ಇತ್ತು. ಸುರಕ್ಷತೆಯ ಲೆಕ್ಕ ಆ ಪುಸ್ತಕಕ್ಕೆ ಸೇರಬೇಕಾದರೆ 262 ಹೆಣ ಬೀಳಬೇಕಾಯ್ತು.

1957ರ ಮಾರ್ಚ್‌ನಲ್ಲಿ ಅದೇ ಆರು ದೇಶಗಳು ರೋಮ್‌ನಲ್ಲಿ ಇನ್ನೂ ದೊಡ್ಡ ಒಪ್ಪಂದಕ್ಕೆ ಸಹಿ ಹಾಕಿದವು, ಮುಂದೆ ಅದೇ ಯುರೋಪಿಯನ್ ಒಕ್ಕೂಟವಾಗಿ ಬೆಳೆಯಿತು. ಕಲ್ಲಿದ್ದಲು ಒಪ್ಪಂದದ ಅವಧಿ 50 ವರ್ಷ, 2002ರ ಜುಲೈ 23ಕ್ಕೆ ಮುಗಿಯಿತು. ಅಷ್ಟೂ ವರ್ಷ ಈ ಆರು ದೇಶಗಳ ಮಧ್ಯೆ ಒಂದು ಗುಂಡೂ ಹಾರಲಿಲ್ಲ. ಅದು ನಿಜವಾಗಿಯೂ ದೊಡ್ಡ ಲಾಭ. ಲಾಭದ ಪಕ್ಕದ ಕಾಲಂನಲ್ಲಿ ಮಾರ್ಸಿನೆಲ್ ಹೆಸರನ್ನೂ ಬರೆದರೆ ಮಾತ್ರ ಈ ಲೆಕ್ಕ ಟ್ಯಾಲಿ ಆಗೋದು. ಆ ಗಣಿ ಈಗ ಮ್ಯೂಸಿಯಂ ಆಗಿದೆ. ಬ್ರಸೆಲ್ಸ್ ಕಡೆ ಹೋಗೋರು ಯಾರಾದ್ರೂ ಇದ್ದರೆ ನೋಡಿ ಬನ್ನಿ, ಬಂದು ನಮಗೂ ಹೇಳಿ.

ಇವತ್ತಿಗೆ ಇಷ್ಟು. ಮುಂದಿನ ಸಂಚಿಕೆಯಲ್ಲಿ ಸಿಗೋಣ, ನಮಸ್ಕಾರ.