ಶಿವನಸಮುದ್ರದಿಂದ ಕೋಲಾರಕ್ಕೆ ಹರಿದ ವಿದ್ಯುತ್

ಕೋಲಾರದ ಚಿನ್ನದ ಗಣಿಗಳಲ್ಲಿ ಬಂಡೆ ಪುಡಿಮಾಡಲು, ಆಳದ ನೀರನ್ನು ಮೇಲೆತ್ತಲು ಉಗಿಯಂತ್ರಗಳಿದ್ದವು. ಅವುಗಳ ಬಾಯ್ಲರುಗಳಿಗೆ ಸೌದೆ, ಕಲ್ಲಿದ್ದಲು ಒದಗಿಸುವುದು ದುಬಾರಿಯಾಗಿತ್ತು. ಇತ್ತ ಶಿವನಸಮುದ್ರದಲ್ಲಿ ಕಾವೇರಿ ಕವಲೊಡೆದು, ಗಗನಚುಕ್ಕಿ ಮತ್ತು ಭರಚುಕ್ಕಿಗಳಾಗಿ ಧುಮುಕುತ್ತಿತ್ತು. ಆ ಶಕ್ತಿಯನ್ನು ಗಣಿಗೆ ಮುಟ್ಟಿಸಬಹುದೆಂದು ಲೆಕ್ಕ ಹಾಕಿದವರು ಮೈಸೂರು ಸಂಸ್ಥಾನದ ಎಂಜಿನಿಯರ್ ಜೋಲಿ ಡಿ ಲಾಟ್‌ಬಿನಿಯರ್. ಅದಕ್ಕೆ ಒತ್ತಾಸೆಯಾಗಿ ನಿಂತವರು ದಿವಾನ್ ಕೆ. ಶೇಷಾದ್ರಿ ಅಯ್ಯರ್.

ನದಿಯ ನೀರನ್ನು ಜಲಪಾತದ ಮೇಲ್ಭಾಗದಲ್ಲೇ ಕಾಲುವೆಗೆ ತಿರುಗಿಸಿ, ಕಡಿದಾದ ಇಳಿಜಾರಿನಲ್ಲಿ ಉಕ್ಕಿನ ಕೊಳವೆಗಳ ಮೂಲಕ ಕೆಳಗಿಳಿಸಲಾಯಿತು. ರಭಸದಿಂದ ಬಿದ್ದ ನೀರು ಟರ್ಬೈನುಗಳನ್ನು ತಿರುಗಿಸಿತು. ಕಷ್ಟವಿದ್ದದ್ದು ಮುಂದಿನ ಹಂತದಲ್ಲಿ. ದೂರ ಹೆಚ್ಚಿದಷ್ಟೂ ತಂತಿ ಬಿಸಿಯಾಗಿ ವಿದ್ಯುತ್ ದಾರಿಯಲ್ಲೇ ಸೋರಿಹೋಗುತ್ತದೆ. ಹಾಗಾಗಿ ಟ್ರಾನ್ಸ್‌ಫಾರ್ಮರ್‌ಗಳಿಂದ ಒತ್ತಡವನ್ನು ಹತ್ತಾರು ಸಾವಿರ ವೋಲ್ಟ್‌ಗೆ ಏರಿಸಿ ಕಳುಹಿಸಿ, ಗಣಿಯ ಬಳಿ ಮತ್ತೆ ಇಳಿಸಿಕೊಂಡರು. ಒತ್ತಡ ಏರಿದರೆ ತಂತಿಯಲ್ಲಿ ಹರಿಯುವ ಕರೆಂಟು ತಗ್ಗುತ್ತದೆ, ನಷ್ಟವೂ ತಗ್ಗುತ್ತದೆ.

1902ರ ಜೂನ್ 30ರಂದು ವಿದ್ಯುತ್ ಸುಮಾರು 147 ಕಿ.ಮೀ. ಸಾಗಿ ಗಣಿಯನ್ನು ತಲುಪಿತು. ಇಷ್ಟು ದೂರದ ಪ್ರಸರಣ ಆ ಕಾಲದ ಜಗತ್ತಿನಲ್ಲೇ ಅಪರೂಪ. ಇದು ನಿಜಕ್ಕೂ ಎದೆಗಾರಿಕೆಯ ಕೆಲಸ. 1901ರಲ್ಲೇ ತೀರಿಕೊಂಡ ಶೇಷಾದ್ರಿ ಅಯ್ಯರ್ ಅವರಿಗೆ ಅದನ್ನು ಕಾಣುವ ಭಾಗ್ಯವಿರಲಿಲ್ಲ.

ಮೊದಲ ಪಾಲು ಗಣಿಗೆ ಸಂದಿತು. ಬೆಂಗಳೂರಿನ ಬೀದಿದೀಪಗಳಿಗೆ ಶಿವನಸಮುದ್ರದ ವಿದ್ಯುತ್ ಸಿಕ್ಕಿದ್ದು 1905ರ ಆಗಸ್ಟ್‌ನಲ್ಲಿ.