ಅಜ್ಟೆಕ್ ಚರಿತ್ರೆ ಉಳಿದು ಬಂದ ಬಗೆ

ಮೆಕ್ಸಿಕೋ ಕಣಿವೆಯ ಸರೋವರದ ನಡುವೆ ಇದ್ದ ಟೆನೊಚ್‌ಟಿಟ್ಲಾನ್ ನಗರವು 1521ರ ಆಗಸ್ಟ್ 13ರಂದು ಸ್ಪೇನಿನ ಹರ್ನಾನ್ ಕೊರ್ಟೆಸ್ ಹಾಗೂ ಅವನ ಪಕ್ಷ ವಹಿಸಿದ್ದ ಟ್ಲಾಶ್ಕಾಲಾ ಮುಂತಾದ ಸ್ಥಳೀಯ ರಾಜ್ಯಗಳ ಸೇನೆಗೆ ವಶವಾಯಿತು. ಅಲ್ಲಿಗೆ ಅಜ್ಟೆಕ್ ಸಾಮ್ರಾಜ್ಯ ಕೊನೆಗೊಂಡಿತು. ಆ ಜನಾಂಗದ ದೇವತೆಗಳು, ಅರಸರು, ಕೃಷಿ, ವೈದ್ಯ, ನ್ಯಾಯಪದ್ಧತಿ ಮೊದಲಾದವುಗಳ ಬಗ್ಗೆ ಇಂದು ಜಗತ್ತಿಗೆ ತಿಳಿದಿರುವುದರಲ್ಲಿ ಬಹುಪಾಲು ಈ ಪತನದ ಅನಂತರ ರಚಿತವಾದ ಗ್ರಂಥಗಳಿಂದ ಬಂದದ್ದು. ಅವುಗಳಲ್ಲಿ ಮುಖ್ಯವಾದ ಹಲವನ್ನು ಬರೆಸಿದವರು ಹಳೆಯ ಧರ್ಮವನ್ನು ಅಳಿಸಲೆಂದೇ ಬಂದ ಪಾದ್ರಿಗಳು; ಅವುಗಳಿಗೆ ಮಾತು, ಚಿತ್ರ ಮತ್ತು ನೆನಪುಗಳನ್ನು ಒದಗಿಸಿದವರು ಸೋತ ಜನಾಂಗದ ಹಿರಿಯರು ಹಾಗೂ ಅವರ ಮಕ್ಕಳು.

‘ಅಜ್ಟೆಕ್’ ಎಂಬ ಹೆಸರು ವ್ಯಾಪಕ ಬಳಕೆಗೆ ಬಂದದ್ದು ಬಹಳ ತಡವಾಗಿ. ಟೆನೊಚ್‌ಟಿಟ್ಲಾನಿನ ಜನ ತಮ್ಮನ್ನು ಮೆಶಿಕಾ ಎಂದು ಕರೆದುಕೊಳ್ಳುತ್ತಿದ್ದರು. ಅವರ ಭಾಷೆ ನಾವಾಟ್ಲ್. ಕನ್ನಡಿಗರ ಅಡುಗೆಮನೆಯ ‘ಟೊಮೆಟೊ’ ಎಂಬ ಶಬ್ದವು ಆ ಭಾಷೆಯ ‘ತೊಮಾಟ್ಲ್’ ಎಂಬುದರಿಂದ ಸ್ಪ್ಯಾನಿಷ್ ಮೂಲಕ ಬಂದಿದೆ.

ಚಿತ್ರದಲ್ಲಿ ಬರೆದ ಪುಸ್ತಕಗಳು

ಸ್ಪೇನಿಗರು ಬರುವ ಮುನ್ನವೇ ಮೆಶಿಕಾ ಜನರಲ್ಲಿ ಪುಸ್ತಕಗಳಿದ್ದವು. ಅತ್ತಿಯ ಜಾತಿಗೆ ಸೇರಿದ ಮರಗಳ ತೊಗಟೆಯನ್ನು ಬಡಿದು ಮಾಡಿದ ‘ಅಮಾಟ್ಲ್’ ಎಂಬ ಕಾಗದದ ಮೇಲೆ ಅಥವಾ ಜಿಂಕೆಯ ಚರ್ಮದ ಮೇಲೆ ಅವನ್ನು ಬರೆಯಲಾಗುತ್ತಿತ್ತು. ಉದ್ದನೆಯ ಹಾಳೆಯನ್ನು ಕನ್ನಡ ನಾಡಿನ ಹಳೆಯ ಕಡತಗಳಂತೆ ಮಡಿಕೆ ಮಡಿಕೆಯಾಗಿ ಮಡಚಿಡುತ್ತಿದ್ದರು. ಬರೆಯುವವನಿಗೆ ‘ಟ್ಲಾಕುಯಿಲೊ’ ಎಂದು ಹೆಸರು. ಅವನು ಲಿಪಿಕಾರನೂ ಹೌದು, ಚಿತ್ರಕಾರನೂ ಹೌದು. ಪಂಚಾಂಗ, ವಂಶಾವಳಿ, ಕಪ್ಪಕಾಣಿಕೆಯ ಲೆಕ್ಕ, ಗಡಿ ವಿವರ ಇವೆಲ್ಲ ಚಿತ್ರಸಂಕೇತಗಳಲ್ಲಿ ದಾಖಲಾಗುತ್ತಿದ್ದವು. ಚಿತ್ರವನ್ನು ನೋಡಿ ಕಥನವನ್ನು ಬಾಯಿಂದ ಹೇಳಲು ಕಲಿತವರು ಬೇಕಾಗಿತ್ತು. ಎಂದರೆ ಪುಸ್ತಕದ ಅರ್ಧ ಭಾಗ ಹಾಳೆಯಲ್ಲಿದ್ದರೆ ಉಳಿದರ್ಧ ಜನರ ನೆನಪಿನಲ್ಲಿತ್ತು.

ಈ ಪುಸ್ತಕಗಳ ನಾಶಕ್ಕೆ ಸ್ಪೇನಿಗರು ಮಾತ್ರವೇ ಕಾರಣರಲ್ಲ. 15ನೆಯ ಶತಮಾನದಲ್ಲಿ ಇಟ್ಸ್‌ಕೋಆಟ್ಲ್ ಎಂಬ ಮೆಶಿಕಾ ಅರಸನೇ ಹಳೆಯ ಚರಿತ್ರೆಯ ಚಿತ್ರಪಟಗಳನ್ನು ಸುಡಿಸಿದನೆಂದು ಅವನ ಜನರೇ ಹೇಳಿದ್ದಾರೆ. ಆದರೆ ದೊಡ್ಡ ನಷ್ಟವಾದದ್ದು ಯುದ್ಧದಲ್ಲಿ ಮತ್ತು ಅದರ ಅನಂತರದ ಮತಪ್ರಚಾರದ ವರ್ಷಗಳಲ್ಲಿ. 1539ರಲ್ಲಿ ಟೆಶ್ಕೊಕೊದ ಡಾನ್ ಕಾರ್ಲೋಸ್ ಎಂಬ ಸ್ಥಳೀಯ ಮುಖಂಡನನ್ನು ಬಿಷಪ್ ಹ್ವಾನ್ ದೆ ಸುಮಾರಗಾ ವಿಚಾರಣೆಗೆ ಒಳಪಡಿಸಿದರು. ಆತನನ್ನು ಬೆಂಕಿಗೆ ಒಪ್ಪಿಸಲಾಯಿತು. ಆ ಭಯದಿಂದ ಊರಿನ ಕುಲೀನರು ತಮ್ಮಲ್ಲಿ ಉಳಿದಿದ್ದ ಚಿತ್ರಪುಸ್ತಕಗಳನ್ನು ತಾವೇ ಸುಟ್ಟುಹಾಕಿದರೆಂದು ಹ್ವಾನ್ ಬೌಟಿಸ್ಟಾ ಪೊಮಾರ್ 1582ರಲ್ಲಿ ಬರೆದಿದ್ದಾನೆ. ಇಂದು ಪ್ಯಾರಿಸ್ಸಿನಲ್ಲಿರುವ ಬೊರ್ಬೊನಿಕಸ್ ಹಸ್ತಪ್ರತಿಯು ಸ್ಪೇನಿಗರಿಗಿಂತ ಮುಂಚಿನದೋ ಅಲ್ಲವೋ ಎಂಬ ವಿಷಯದಲ್ಲಿ ಕೂಡ ವಿದ್ವಾಂಸರಿಗೆ ಒಮ್ಮತವಿಲ್ಲ.

ಟ್ಲಾಟೆಲೊಲ್ಕೊ ವಿದ್ಯಾಲಯ

1536ರ ಜನವರಿಯಲ್ಲಿ ಫ್ರಾನ್ಸಿಸ್ಕನ್ ಪಂಥದ ಪಾದ್ರಿಗಳು ಟ್ಲಾಟೆಲೊಲ್ಕೊದಲ್ಲಿ ಸಾಂಟಾ ಕ್ರೂಸ್ ವಿದ್ಯಾಲಯವನ್ನು ತೆರೆದರು. ಸ್ಥಳೀಯ ಕುಲೀನರ ಮಕ್ಕಳು ಅಲ್ಲಿ ಲ್ಯಾಟಿನ್ ಮತ್ತು ಸ್ಪ್ಯಾನಿಷ್ ಭಾಷೆಗಳನ್ನು ಕಲಿತರಲ್ಲದೆ ತಮ್ಮ ನಾವಾಟ್ಲ್ ಭಾಷೆಯನ್ನು ರೋಮನ್ ಲಿಪಿಯಲ್ಲಿ ಬರೆಯಲೂ ಕಲಿತರು. ಪಾದ್ರಿಗಳೂ ಇತ್ತ ನಾವಾಟ್ಲ್ ಕಲಿತರು. ಆಂಡ್ರೆಸ್ ದೆ ಒಲ್ಮೊಸ್ 1547ರಲ್ಲಿ ಆ ಭಾಷೆಯ ವ್ಯಾಕರಣವನ್ನು ರಚಿಸಿದರು. ಅಲೊನ್ಸೊ ದೆ ಮೊಲಿನಾ ಅವರ ನಿಘಂಟು 1555ರಲ್ಲಿ ಪ್ರಕಟವಾಗಿ, 1571ರಲ್ಲಿ ವಿಸ್ತೃತ ರೂಪದಲ್ಲಿ ಮತ್ತೆ ಹೊರಬಂತು.

1552ರಲ್ಲಿ ಇದೇ ವಿದ್ಯಾಲಯದಲ್ಲಿ ಒಂದು ಸಚಿತ್ರ ಮೂಲಿಕಾ ಗ್ರಂಥ ಸಿದ್ಧವಾಯಿತು. ಮಾರ್ಟಿನ್ ದೆ ಲಾ ಕ್ರೂಸ್ ಎಂಬ ಸ್ಥಳೀಯ ವೈದ್ಯ ಹೇಳಿದ ಔಷಧಿಗಳನ್ನು ಹ್ವಾನ್ ಬಡಿಯಾನೊ ಎಂಬ ಸ್ಥಳೀಯ ವಿದ್ವಾಂಸ ಲ್ಯಾಟಿನ್‌ಗೆ ಅನುವಾದಿಸಿದ. ಮುಂದೆ ವ್ಯಾಟಿಕನ್ ಸೇರಿದ್ದ ಈ ಗ್ರಂಥ 1990ರಲ್ಲಿ ಮೆಕ್ಸಿಕೋಗೆ ಮರಳಿತು.

ಮೆಂಡೋಸಾ ಹಸ್ತಪ್ರತಿ

ಮೊದಲ ವೈಸರಾಯ್ ಅಂಟೋನಿಯೊ ದೆ ಮೆಂಡೋಸಾ ಅವರ ಹೆಸರಿನ ಹಸ್ತಪ್ರತಿಯು ಸುಮಾರು 1541ರದು. ಅದರಲ್ಲಿ ಮೂರು ಭಾಗಗಳಿವೆ. ಮೊದಲನೆಯದು ಅರಸರ ಆಳ್ವಿಕೆ ಮತ್ತು ಅವರು ಗೆದ್ದ ಊರುಗಳು. ಎರಡನೆಯದು ಅಧೀನ ಪ್ರಾಂತಗಳು ಸಲ್ಲಿಸಬೇಕಾಗಿದ್ದ ಬಟ್ಟೆ, ಗರಿ, ಕೋಕೋ ಬೀಜ, ಯೋಧರ ಉಡುಪು ಮುಂತಾದ ಕಾಣಿಕೆಗಳ ಪಟ್ಟಿ. ಮೂರನೆಯದು ಜನಜೀವನ. ಯಾವ ವಯಸ್ಸಿನ ಮಗುವಿಗೆ ಊಟಕ್ಕೆ ಎಷ್ಟು ಮೆಕ್ಕೆಜೋಳದ ರೊಟ್ಟಿ ಎಂಬುದನ್ನೂ ಈ ಭಾಗದಲ್ಲಿ ಚಿತ್ರಿಸಲಾಗಿದೆ: 3 ವರ್ಷಕ್ಕೆ ಅರ್ಧ, 6ಕ್ಕೆ ಒಂದೂವರೆ, 13ಕ್ಕೆ ಎರಡು. ಮಾತು ಕೇಳದ 11 ವರ್ಷದ ಮಗುವಿಗೆ ಮೆಣಸಿನಕಾಯಿ ಹೊಗೆ ಹಾಕುವ ದೃಶ್ಯವೂ ಅಲ್ಲಿದೆ.

ಸ್ಪೇನಿಗೆ ಹೊರಟ ಈ ಪುಸ್ತಕವನ್ನು ಫ್ರೆಂಚ್ ಕಡಲ್ಗಳ್ಳರು ದೋಚಿದರೆಂಬುದು ಪರಂಪರೆಯಿಂದ ಬಂದ ಮಾತು. 1553ರ ವೇಳೆಗೆ ಅದು ಫ್ರೆಂಚ್ ವಿದ್ವಾಂಸ ಆಂದ್ರೆ ತೆವೆಯ ಬಳಿಯಲ್ಲಿತ್ತು. ಇಂಗ್ಲೆಂಡಿಗೆ ಬಂದು 1659ರಲ್ಲಿ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯವನ್ನು ಸೇರಿತು.

ಸಹಾಗುನ್ ಅವರ ಹನ್ನೆರಡು ಸಂಪುಟಗಳು

ಈ ಎಲ್ಲ ಪ್ರಯತ್ನಗಳಲ್ಲಿ ಹಿರಿದಾದುದು ಬೆರ್ನಾರ್ಡಿನೊ ದೆ ಸಹಾಗುನ್ ಅವರದು. 1529ರಲ್ಲಿ ಮೆಕ್ಸಿಕೋಗೆ ಬಂದ ಈ ಫ್ರಾನ್ಸಿಸ್ಕನ್ ಪಾದ್ರಿ 1590ರಲ್ಲಿ ಅಲ್ಲಿಯೇ ನಿಧನರಾದರು. ರೋಗವನ್ನು ಅರಿಯದ ವೈದ್ಯ ಮದ್ದು ಕೊಡಲಾರ, ವಿಗ್ರಹಾರಾಧನೆಯನ್ನು ಅರಿಯದ ಪಾದ್ರಿ ಅದನ್ನು ಗುರುತಿಸಲಾರ ಎಂಬುದು ಅವರ ವಾದವಾಗಿತ್ತು. 1558ರಲ್ಲಿ ಪಂಥದ ಹಿರಿಯರಿಂದ ಆದೇಶ ಪಡೆದು ಅವರು ಮೊದಲು ಟೆಪೆಪುಲ್ಕೊದಲ್ಲಿ, ಅನಂತರ ಟ್ಲಾಟೆಲೊಲ್ಕೊದಲ್ಲಿ ಹಿರಿಯರನ್ನು ಕೂಡಿಸಿ ಕ್ರಮವಾಗಿ ಪ್ರಶ್ನಿಸಿದರು. ಹಿರಿಯರು ಚಿತ್ರಗಳ ಮೂಲಕ ಉತ್ತರ ಕೊಟ್ಟರು. ವಿದ್ಯಾಲಯದಲ್ಲಿ ಕಲಿತ ತರುಣರು ವಿವರಣೆಯನ್ನು ನಾವಾಟ್ಲ್‌ನಲ್ಲಿ ಬರೆದುಕೊಂಡರು. ಅಂಟೋನಿಯೊ ವಲೇರಿಯಾನೊ, ಅಲೊನ್ಸೊ ವೆಹೆರಾನೊ, ಮಾರ್ಟಿನ್ ಹಕೊಬಿಟಾ, ಪೆದ್ರೊ ದೆ ಸಾನ್ ಬ್ವೆನವೆಂಟುರಾ ಎಂಬ ಸಹಾಯಕರನ್ನು ಸಹಾಗುನ್ ಹೆಸರಿಸಿ ಸ್ಮರಿಸಿದ್ದಾರೆ.

ಇಂದು ‘ಫ್ಲಾರೆಂಟೈನ್ ಕೋಡೆಕ್ಸ್’ ಎಂದು ಪ್ರಸಿದ್ಧವಾಗಿರುವ ಪ್ರತಿಯಲ್ಲಿ 12 ಪುಸ್ತಕಗಳು, ಸುಮಾರು 2,400 ಪುಟಗಳು ಹಾಗೂ ಸುಮಾರು 2,500 ಚಿತ್ರಗಳಿವೆ. ಒಂದು ಅಂಕಣದಲ್ಲಿ ನಾವಾಟ್ಲ್, ಇನ್ನೊಂದರಲ್ಲಿ ಸ್ಪ್ಯಾನಿಷ್. ಎರಡೂ ಒಂದೇ ಮಾತನ್ನು ಹೇಳುವುದಿಲ್ಲ. ಸ್ಪ್ಯಾನಿಷ್ ಅಂಕಣವು ಎಷ್ಟೋ ಕಡೆ ಸಂಕ್ಷಿಪ್ತವಾಗಿದೆ. ಉಳಿದ ಜಾಗವನ್ನು ಚಿತ್ರಗಳು ತುಂಬಿವೆ. ಯುದ್ಧದೇವತೆ ವಿಟ್ಸಿಲೊಪೊಚ್ಟ್ಲಿಯನ್ನು ಅದು ಹರ್ಕ್ಯುಲಿಸನಿಗೆ ಹೋಲಿಸುತ್ತದೆ. ಹನ್ನೆರಡನೆಯ ಪುಸ್ತಕ ಸ್ಪೇನಿಗರ ದಂಡಯಾತ್ರೆಯನ್ನು ಸೋತವರ ಕಣ್ಣಿನಿಂದ ವರ್ಣಿಸುತ್ತದೆ. ಉತ್ಸವದ ವೇಳೆ ನಡೆದ ಹತ್ಯಾಕಾಂಡ, ಸಿಡುಬಿನ ಹಾವಳಿ, ಸ್ಪೇನಿಗರ ಚಿನ್ನದ ದುರಾಸೆ ಎಲ್ಲವೂ ಅಲ್ಲಿ ದಾಖಲಾಗಿವೆ.

ಈ ಕೆಲಸ ಸುಗಮವಾಗಿ ನಡೆಯಲಿಲ್ಲ. 1570ರಲ್ಲಿ ಪಂಥದ ಅಧಿಕಾರಿಗಳು ಖರ್ಚಿಗೆ ತಡೆ ಒಡ್ಡಿ, ಬರೆದಿದ್ದ ಪುಸ್ತಕಗಳನ್ನು ಚದುರಿಸಿದರು. ಅಂತಿಮ ಪ್ರತಿ ಸಿದ್ಧವಾಗುತ್ತಿದ್ದಾಗ 1576ರಲ್ಲಿ ‘ಕೊಕೊಲಿಸ್ಟ್ಲಿ’ ಎಂಬ ಮಹಾಮಾರಿ ಎರಗಿ ಸ್ಥಳೀಯರಲ್ಲಿ ಅಸಂಖ್ಯರನ್ನು ಬಲಿ ತೆಗೆದುಕೊಂಡಿತು. ಸಾವಿನ ನಡುವೆಯೇ ಲಿಪಿಕಾರರು ಬರವಣಿಗೆ ಮುಂದುವರಿಸಿದರು. ಕೊನೆಯ ಪುಸ್ತಕದ ಬಹುತೇಕ ಚಿತ್ರಗಳು ಬಣ್ಣವಿಲ್ಲದೆ ಉಳಿದಿವೆ. 1577ರಲ್ಲಿ ದೊರೆ ಎರಡನೆಯ ಫಿಲಿಪ್, ಸ್ಥಳೀಯರ ನಂಬಿಕೆಗಳ ಬಗ್ಗೆ ಯಾವ ಭಾಷೆಯಲ್ಲಿಯೂ ಬರೆಯಕೂಡದೆಂದು ವಿಧಿಸಿ, ಸಹಾಗುನ್ ಅವರ ಗ್ರಂಥವನ್ನು ಸ್ಪೇನಿಗೆ ಕಳುಹಿಸಲು ಆಜ್ಞಾಪಿಸಿದ. ಹೀಗೆ ಹಡಗೇರಿದ ಹಸ್ತಪ್ರತಿಯು ಇಟಲಿಯ ಮೆಡಿಚಿ ವಂಶದವರ ಕೈ ಸೇರಿ ಫ್ಲಾರೆನ್ಸ್ ನಗರದ ಲಾರೆನ್ಶಿಯನ್ ಗ್ರಂಥಾಲಯದಲ್ಲಿ ಉಳಿಯಿತು.

ಸ್ಥಳೀಯ ಚರಿತ್ರಕಾರರು

ಟೆಶ್ಕೊಕೊದಲ್ಲಿ ಬೆಳೆದ ಡೊಮಿನಿಕನ್ ಪಾದ್ರಿ ದಿಯೆಗೊ ದುರಾನ್ 1581ರಲ್ಲಿ ಮೆಶಿಕಾ ಅರಸರ ಚರಿತ್ರೆಯನ್ನು ಮುಗಿಸಿದರು. ಅದು 19ನೆಯ ಶತಮಾನದವರೆಗೆ ಅಚ್ಚಾಗಲಿಲ್ಲ. ಆ ಬಳಿಕ ಸ್ಥಳೀಯ ಮೂಲದವರೇ ಚರಿತ್ರೆ ಬರೆಯತೊಡಗಿದರು. ದೊರೆ ಎರಡನೆಯ ಮೊಕ್ಟೆಜುಮಾನ ಮಗಳ ಮಗನಾದ ಅಲ್ವರಾಡೊ ಟೆಸೊಸೊಮೊಕ್, ಟೆಶ್ಕೊಕೊ ರಾಜವಂಶದ ಅಲ್ವಾ ಇಶ್ಟ್ಲಿಲ್‌ಶೊಚಿಟ್ಲ್ ಹಾಗೂ ಚಾಲ್ಕೊ ಪ್ರದೇಶದ ಚಿಮಾಲ್ಪಾಯಿನ್ ಇವರಲ್ಲಿ ಮುಖ್ಯರು. ಚಿಮಾಲ್ಪಾಯಿನ್ ನಾವಾಟ್ಲ್‌ನಲ್ಲಿ ಬರೆದ ವರ್ಷವಾರು ದಾಖಲೆಗಳಲ್ಲಿ 1610 ಮತ್ತು 1614ರಲ್ಲಿ ಮೆಕ್ಸಿಕೋ ನಗರಕ್ಕೆ ಬಂದ ಜಪಾನೀಯರ ಸುದ್ದಿಯೂ ಇದೆ. ಈ ಲೇಖಕರಿಗೆ ತಂತಮ್ಮ ಊರು ಮತ್ತು ವಂಶದ ಹಿರಿಮೆಯನ್ನು, ಹಕ್ಕನ್ನು ಸ್ಥಾಪಿಸುವ ಅಗತ್ಯವಿತ್ತು ಎಂಬುದನ್ನು ಓದುಗರು ಮರೆಯಬಾರದು.

ಎಷ್ಟು ನಂಬಬಹುದು?

ಕೊರ್ಟೆಸನನ್ನು ಮೆಶಿಕಾ ಜನ ಮರಳಿ ಬಂದ ಕೆಟ್ಸಾಲ್‌ಕೋಆಟ್ಲ್ ದೇವತೆಯೆಂದು ಭಾವಿಸಿದರು ಎಂಬ ಕಥೆ ಬಹು ಪ್ರಸಿದ್ಧ. ಅದು ಸೋಲಿಗೆ ಕಾರಣ ಹುಡುಕುತ್ತ ಮುಂದೆ ಬೆಳೆದ ಕಥೆಯೆಂದು ಇಂದಿನ ಅನೇಕ ಇತಿಹಾಸಕಾರರು ಅಭಿಪ್ರಾಯಪಡುತ್ತಾರೆ. 1487ರಲ್ಲಿ ಮಹಾದೇಗುಲದ ಪ್ರತಿಷ್ಠೆಯಲ್ಲಿ 80,400 ನರಬಲಿಗಳಾದವೆಂಬ ದುರಾನ್ ಅವರ ಲೆಕ್ಕವನ್ನೂ ಬಹುತೇಕ ವಿದ್ವಾಂಸರು ಒಪ್ಪುವುದಿಲ್ಲ. ಹಾಗೆಂದು ಎಲ್ಲವೂ ಪಾದ್ರಿಗಳ ಕಲ್ಪನೆಯಲ್ಲ. ಹಳೆಯ ಗ್ರಂಥಗಳು ವರ್ಣಿಸುವ ತಲೆಬುರುಡೆಗಳ ಕಟ್ಟಡ ಮೆಕ್ಸಿಕೋ ನಗರದಲ್ಲಿ 2015ರಲ್ಲಿ ಪತ್ತೆಯಾಯಿತು. 2020ರ ವೇಳೆಗೆ ಅಲ್ಲಿ 600ಕ್ಕೂ ಹೆಚ್ಚು ಬುರುಡೆಗಳು ದೊರೆತಿದ್ದವು. ಆದಕಾರಣ ಪ್ರತಿಯೊಂದು ಹೇಳಿಕೆಯನ್ನೂ ಅದನ್ನು ಹೇಳಿದವರು ಯಾರು, ಬರೆಸಿದವರು ಯಾರು, ಯಾವ ವರ್ಷದಲ್ಲಿ ಎಂದು ವಿಚಾರಿಸಿಯೇ ಸ್ವೀಕರಿಸಬೇಕಾಗುತ್ತದೆ. ಸಹಾಗುನ್ ಅವರೇ 1585ರಲ್ಲಿ ಹನ್ನೆರಡನೆಯ ಪುಸ್ತಕವನ್ನು ಸ್ಪೇನಿಗರಿಗೆ ಅನುಕೂಲವಾಗುವಂತೆ ತಿದ್ದಿ ಬರೆದರು.

20ನೆಯ ಶತಮಾನದಲ್ಲಿ ನಾವಾಟ್ಲ್ ಪಠ್ಯವನ್ನು ನೇರವಾಗಿ ಓದುವ ವಿದ್ವತ್ತು ಬೆಳೆಯಿತು. ಮೆಕ್ಸಿಕೋದ ಮಿಗೆಲ್ ಲಿಯೊನ್-ಪೊರ್ಟಿಯಾ 1959ರಲ್ಲಿ ಸೋತವರ ದೃಷ್ಟಿಯ ಬರಹಗಳನ್ನು ಸಂಕಲಿಸಿ ಪ್ರಕಟಿಸಿದರು. 2023ರಲ್ಲಿ ಅಮೆರಿಕದ ಗೆಟ್ಟಿ ಸಂಸ್ಥೆಯು ಫ್ಲಾರೆಂಟೈನ್ ಕೋಡೆಕ್ಸನ್ನು ಪಠ್ಯ, ಅನುವಾದ, ಚಿತ್ರಗಳ ಸಮೇತ ಅಂತರಜಾಲದಲ್ಲಿ ಎಲ್ಲರಿಗೂ ತೆರೆದಿಟ್ಟಿತು. 2020ರ ಜನಗಣತಿಯಂತೆ ಮೆಕ್ಸಿಕೋದಲ್ಲಿ ನಾವಾಟ್ಲ್ ಮಾತನಾಡುವವರ ಸಂಖ್ಯೆ 16 ಲಕ್ಷಕ್ಕೂ ಅಧಿಕ. ಅವರ ಪೂರ್ವಿಕರು ಮಹಾಮಾರಿಯ ನಡುವೆ ಬರೆದ ಪುಟಗಳು ನಾಲ್ಕೂವರೆ ಶತಮಾನಗಳ ಬಳಿಕ ಅವರ ಕೈಗೂ ಎಟುಕುವಂತಾಗಿವೆ. ಮೂಲ ಹಸ್ತಪ್ರತಿ ಮಾತ್ರ ಫ್ಲಾರೆನ್ಸಿನಲ್ಲಿಯೇ ಇದೆ.