ಬೆನ್ನ ಮೇಲಿನ ಮೂರೂವರೆ ಕಿಲೋ

ಮೊನ್ನೆ ರಾತ್ರಿ ನಿದ್ದೆ ಬಾರದೆ ಒಂದು ಹಳೇ ಸ್ಕೀ ಓಟದ ವೀಡಿಯೋ ನೋಡ್ತಾ ಕೂತಿದ್ದೆ. ನಾನು ಹಿಮ ನೋಡಿರೋದು ಸಿನಿಮಾದಲ್ಲಿ ಮಾತ್ರ. ಆದ್ರೂ ಯಾಕೋ ಮಧ್ಯದಲ್ಲಿ ಎದ್ದು ಹೋಗೋಕೆ ಆಗಲಿಲ್ಲ.

ಅದು 2015ರ ಬಿರ್ಕೆಬೈನರ್ ಓಟ. ನಾರ್ವೆಯ ರೇನಾದಿಂದ ಬೆಟ್ಟ ದಾಟಿ ಲಿಲ್ಲೆಹಾಮರ್‌ವರೆಗೆ 54 ಕಿಲೋಮೀಟರ್. ಗೆದ್ದವನು ಪೆಟರ್ ಎಲಿಯಾಸೆನ್, 2 ಗಂಟೆ 20 ನಿಮಿಷದೊಳಗೆ! ಕಾಲಿನಿಂದ ಒದ್ದು ಸಾಗುವ ಹಳೇ ಶೈಲಿ ಬಿಟ್ಟು, ಎರಡೂ ಕೋಲುಗಳನ್ನು ಒಟ್ಟಿಗೇ ಊರಿ, ಏರಿನಲ್ಲೂ ಬರೀ ತೋಳ್ಬಲದಿಂದಲೇ ಹೋಗಿದ್ದ. ಅದೇ ವರ್ಷ ಸ್ವೀಡನ್ನಿನ 90 ಕಿಲೋಮೀಟರಿನ ವಾಸಾಲೊಪೆಟ್ ಕೂಡ ಅವನದೇ.

ನನಗೆ ಕುತೂಹಲ ಹುಟ್ಟಿಸಿದ್ದು ಅವನ ಬೆನ್ನಿನ ಚೀಲ. ಇಲ್ಲಿ ಎಲ್ಲರೂ ಕನಿಷ್ಠ 3.5 ಕಿಲೋ ಹೊರಲೇಬೇಕು. ಯಾಕೆ ಅಂತ ಹುಡುಕ್ತಾ ಹೋದ್ರೆ ಸಿಕ್ಕಿದ್ದು ಒಂದು ಕೂಸು.

ಆಗ ನಾರ್ವೆಯಲ್ಲಿ ಸಿಂಹಾಸನಕ್ಕಾಗಿ ಅಂತರ್ಯುದ್ಧ. ಬಿರ್ಕೆಬೈನರ್ ಅನ್ನೋದು ಒಂದು ಬಣ. ಬಡತನದಲ್ಲಿ ಕಾಲಿಗೆ ಬರ್ಚ್ ಮರದ ತೊಗಟೆ ಸುತ್ತಿಕೊಳ್ತಿದ್ದರಿಂದ ಆ ಹೆಸರು. ಎದುರಾಳಿಗಳು ಬಾಗ್ಲರ್‌ಗಳು. 1204ರಲ್ಲಿ ಬಿರ್ಕೆಬೈನರ್‌ಗಳ ದೊರೆ ಹೋಕನ್ ಸತ್ತ. ಕೆಲವು ತಿಂಗಳ ಮೇಲೆ ಇಂಗಾ ಎಂಬಾಕೆ ಅವನ ಮಗನನ್ನು ಹೆತ್ತಳು. ಹುಟ್ಟಿದ್ದು ಬಾಗ್ಲರ್‌ಗಳ ಹಿಡಿತದ ಸೀಮೆಯಲ್ಲಿ. ಗೊತ್ತಾದ್ರೆ ಮಗು ಉಳಿಯೋದುಂಟೇ? 1206ರ ಚಳಿಗಾಲದಲ್ಲಿ ತಾಯಿ-ಮಗುವನ್ನು ಉತ್ತರದ ನಿಡಾರೋಸ್‌ಗೆ, ಅಂದ್ರೆ ಇಂದಿನ ಟ್ರಾಂಡ್‌ಹೈಮ್‌ಗೆ, ಸಾಗಿಸಲು ಹೊರಟರು. ದಾರಿಯಲ್ಲಿ ಹಿಮಗಾಳಿ. ಆಗ ಟೋರ್ಸ್ಟೈನ್, ಶೆರ್ವಾಲ್ಡ್ ಎಂಬ ಇಬ್ಬರು ನಿಪುಣರು ಮಗುವನ್ನೆತ್ತಿಕೊಂಡು ಸ್ಕೀ ಮೇಲೆ ಬೆಟ್ಟ ದಾಟಿದರು. ಅದರ ನೆನಪಿಗೆ 1932ರಲ್ಲಿ ಈ ಓಟ ಶುರುವಾಯ್ತು. ಚೀಲ ಅಂದ್ರೆ ಆ ಮಗು! ಆದ್ರೆ ಒಂದೂವರೆ ವರ್ಷದ ಮಗು ಬರೀ ಮೂರೂವರೆ ಕಿಲೋ ಇರುತ್ತಾ? ಓಟಗಾರರಿಗೆ ರಿಯಾಯಿತಿ ಕೊಟ್ಟಿದ್ದಾರೆ ಬಿಡಿ.

ಕಥೆ ಅಲ್ಲಿಗೆ ಮುಗಿಯಲಿಲ್ಲ. 1217ರಲ್ಲಿ ಆ ಹುಡುಗ, ಹೋಕನ್ ಹೋಕನ್ಸನ್, 13ನೇ ವಯಸ್ಸಿಗೇ ರಾಜನಾದ. ಇವನು ನಿಜಕ್ಕೂ ರಾಜನ ಮಗನಾ ಅಂತ ಅನುಮಾನ ಎದ್ದಿತು. ಅದಕ್ಕೆ ಉತ್ತರ ಕೊಡಬೇಕಾದವಳು ತಾಯಿ. 1218ರಲ್ಲಿ ಬರ್ಗೆನ್‌ನಲ್ಲಿ ಇಂಗಾ ಕಾದ ಕಬ್ಬಿಣ ಹಿಡಿದಳು. ಅಗ್ನಿಪರೀಕ್ಷೆ ಸೀತೆಯೊಬ್ಬಳಿಗೇ ಅಲ್ಲ ನೋಡಿ. ಆಕೆಯ ಕೈಗೆ ಏನೂ ಆಗಲಿಲ್ಲ ಅಂತ ಪುರಾತನ ಸಾಗಾ ಹೇಳುತ್ತದೆ. ಮಗ 1240ಕ್ಕೆ ಅಂತರ್ಯುದ್ಧ ಮುಗಿಸಿ, 1263ರವರೆಗೆ ಆಳಿದ.

ಹೊತ್ತು ಓಡಿದವರ ಹೆಸರಲ್ಲಿ ಸಾವಿರಾರು ಜನ ಓಡ್ತಾರೆ, ಓಡಲಿ. ಎಲಿಯಾಸೆನ್‌ಗೂ ನನ್ನ ಚಪ್ಪಾಳೆ ಇದೆ. ಆದ್ರೆ ಇನ್ನು ಆ ಚೀಲ ಕಂಡಾಗಲೆಲ್ಲ ನನಗೆ ನೆನಪಾಗೋದು, ಹೆತ್ತದ್ದಕ್ಕೂ ಸಾಕ್ಷಿ ಕೊಡಬೇಕಾಗಿ ಬಂದ ಇಂಗಾಳ ಅಂಗೈ. ನಿಮಗೇನನ್ಸುತ್ತೆ?